ಅಮಿಯಾಂ ನಗರದ ಆಕಾಶನೌಕೆ

ಪ್ಯಾರಿಸಿನ ಉತ್ತರ ನಿಲ್ದಾಣದಲ್ಲಿ ರೈಲು ಹತ್ತಿದರೆ ಒಂದೂಕಾಲು ಗಂಟೆಯಷ್ಟು ಪ್ರಯಾಣದಲ್ಲಿ ಅಮಿಯಾಂ ನಗರವನ್ನು ಸೇರಬಹುದು. ಸೊಮ್ ನದಿಯು ಇಲ್ಲಿ ಹಲವು ಕವಲುಗಳಾಗಿ ಹರಿಯುತ್ತದೆ. ಕಾಲುವೆಗಳ ನಡುವಣ ತುಂಡುನೆಲಗಳಲ್ಲಿ ತರಕಾರಿಯ ಮಡಿಗಳೂ ಹೂದೋಟಗಳೂ ಕಂಗೊಳಿಸುತ್ತವೆ. ಅವನ್ನು ಸುತ್ತಿ ನೋಡಲು ದೋಣಿಯೇ ವಾಹನ. 1220ರಲ್ಲಿ ಕಟ್ಟಲಾರಂಭಿಸಿದ ಇಲ್ಲಿನ ಮಹಾ ಇಗರ್ಜಿಯ ಒಳಚಾವಣಿಯು 42 ಮೀಟರಿಗೂ ಎತ್ತರದಲ್ಲಿದೆ. ಇವಿಷ್ಟನ್ನು ಕಂಡು ಹಿಂತಿರುಗುವ ಪ್ರವಾಸಿಗಳೇ ಹೆಚ್ಚು. ಆದರೆ ಬಾಲ್ಯದಲ್ಲಿ ಸಾಹಸದ ಕಥೆಗಳನ್ನೋದಿ ನಿದ್ದೆಗೆಟ್ಟವರಿಗೆ ಇಲ್ಲಿ ಇನ್ನೊಂದು ಯಾತ್ರಾಸ್ಥಳವುಂಟು. ಅದು ಷಾರ್ಲ್ ದ್ಯುಬ್ವಾ ಬೀದಿಯ 2ನೆಯ ನಂಬರಿನ ಮನೆ.

ಇಟ್ಟಿಗೆಯ ಈ ದೊಡ್ಡ ಮನೆಗೆ ಒಂದು ದುಂಡು ಗೋಪುರವಿದೆ. ಕಾದಂಬರಿಕಾರ ಜೂಲ್ಸ್ ವರ್ನ್ 1882ರಿಂದ 1900ರವರೆಗೆ ಇಲ್ಲಿ ವಾಸವಾಗಿದ್ದರು. ಇಂದು ಇದು ವಸ್ತುಸಂಗ್ರಹಾಲಯ. ಮುಂಜಾನೆ ಐದಕ್ಕೇ ಎದ್ದು ಬರೆಯಲು ಕೂಡುತ್ತಿದ್ದ ಅವರ ಕೋಣೆಯು, ಮನೆಯ ವೈಭವಕ್ಕೆ ಹೋಲಿಸಿದರೆ, ಬಹಳ ಚಿಕ್ಕದು. ಆ ಕೋಣೆಯಿಂದ ಹೊರಟ ವಾಹನಗಳು ಮಾತ್ರ ಭೂಮಂಡಲವನ್ನೇ ಸುತ್ತಿ ಬಂದುವು. ಅವುಗಳಲ್ಲೊಂದು ‘ಆಲ್ಬಟ್ರಾಸ್’ ಎಂಬ ಆಕಾಶನೌಕೆ.

ನಮ್ಮ ಪುಷ್ಪಕ ವಿಮಾನಕ್ಕೆ ಯಂತ್ರದ ಚಿಂತೆಯಿಲ್ಲ. ಒಡೆಯನ ಇಚ್ಛೆಯೇ ಅದರ ಇಂಧನ. ವರ್ನ್‌ರಿಗೆ ಅಷ್ಟು ಸಾಲದು. ಹಡಗು ಏಕೆ ಬೀಳುವುದಿಲ್ಲವೆಂದು ಓದುಗನು ಕೇಳಿದರೆ ಲೆಕ್ಕವೊಪ್ಪಿಸಬೇಕು. 1886ರಲ್ಲಿ ಪತ್ರಿಕೆಯೊಂದರಲ್ಲಿ ಧಾರಾವಾಹಿಯಾಗಿ ಬಂದ ‘ವಿಜೇತ ರೋಬರ್’ ಕಾದಂಬರಿಯಲ್ಲಿ ಅವರು ಆ ಲೆಕ್ಕವನ್ನು ಒಪ್ಪಿಸಿದರು. ಆಲ್ಬಟ್ರಾಸಿನ ಉದ್ದ 30 ಮೀಟರು. ಅದರ ಒಡಲು ಮರದ್ದೂ ಅಲ್ಲ, ಕಬ್ಬಿಣದ್ದೂ ಅಲ್ಲ. ಹುಲ್ಲಿನ ಕಾಗದಕ್ಕೆ ಅಂಟು ಕುಡಿಸಿ, ಒತ್ತುಯಂತ್ರದಲ್ಲಿ ಹಿಂಡಿ, ಉಕ್ಕಿನಂತೆ ಗಟ್ಟಿಮಾಡಿದ್ದು. ಮೇಲೆ 37 ಕೂವೆಮರಗಳು. ಅವುಗಳಲ್ಲಿ ಹಾಯಿಗಳಿಲ್ಲ; ಒಂದೊಂದಕ್ಕೂ ಎರಡೆರಡರಂತೆ ಒಟ್ಟು 74 ಪಂಖಗಳು ತಿರುಗಿ ನೌಕೆಯನ್ನು ಎತ್ತಿ ಹಿಡಿಯುತ್ತವೆ. ಮುಂದೂಡಲು ಮೂತಿಯಲ್ಲೊಂದು, ಹಿಂಬದಿಯಲ್ಲೊಂದು ದೊಡ್ಡ ಪಂಖ. ಪಂಖಗಳೆಲ್ಲ ಒಂದೇ ಕಡೆಗೆ ಸುತ್ತಿದರೆ ಒಡಲು ಅದಕ್ಕೆ ವಿರುದ್ಧವಾಗಿ ಗಿರಕಿ ಹೊಡೆಯುತ್ತದೆ. ಆದುದರಿಂದ ಒಂದು ಕಂಬದ ಪಂಖ ಬಲಕ್ಕೆ ಸುತ್ತಿದರೆ ನೆರೆಯದು ಎಡಕ್ಕೆ! ಇಂತಹ ನೌಕೆಯಲ್ಲಿ ಕುಳಿತು ಕಥೆಯ ಪಾತ್ರಗಳು ನಮ್ಮ ಕಾಶ್ಮೀರದ ಕಣಿವೆಯನ್ನೂ ಶ್ರೀನಗರವನ್ನೂ ಮೇಲಿನಿಂದ ಕಾಣುತ್ತಾರೆ.

ಈ ಕಲ್ಪನೆಯು ಬರಿಯ ಗಾಳಿಗೋಪುರವಾಗಿರಲಿಲ್ಲ. 1863ರಲ್ಲಿ ಪ್ಯಾರಿಸಿನ ಪ್ರಸಿದ್ಧ ಛಾಯಾಗ್ರಾಹಕ ನಾದಾರ್, ಗಾಳಿಗಿಂತ ಭಾರವಾದ ಯಂತ್ರಗಳಿಂದಲೇ ಆಕಾಶಯಾನವೆಂದು ಸಾರಿ ಒಂದು ಸಂಘವನ್ನು ಕಟ್ಟಿದಾಗ ವರ್ನ್ ಅದರಲ್ಲಿದ್ದರು. ಅವರ ಸಂಗಡಿಗ ಪೊಂತೋಂ ದಮೆಕೂರ್ ಉಗಿಯಿಂದ ಪಂಖ ತಿರುಗಿಸುವ ಪುಟ್ಟ ಮಾದರಿಯನ್ನು ಮಾಡಿದ್ದರು; ಅದು ನೆಲ ಬಿಟ್ಟು ಏಳಲಿಲ್ಲ. ಆ ಯಂತ್ರಕ್ಕೆ ಅವರಿತ್ತ ‘ಹೆಲಿಕಾಪ್ಟರ್’ ಎಂಬ ಹೆಸರು ಮಾತ್ರ ಉಳಿಯಿತು. ಉಗಿ ಸೋತಲ್ಲಿ ವರ್ನ್ ವಿದ್ಯುತ್ತನ್ನು ತಂದರು. ಆದರೆ ಅಷ್ಟು ವಿದ್ಯುತ್ತನ್ನು ಹಗುರವಾಗಿ ಕೂಡಿಡುವ ಬಗೆಯೆಂತು? ಅದು ರೋಬರನ ಗುಟ್ಟೆಂದು ಹೇಳಿ ಕಥೆಗಾರರು ಜಾಣತನದಿಂದ ಜಾರಿಕೊಂಡರು.

ಸ್ವತಃ ವರ್ನ್ 1873ರಲ್ಲಿ ಇದೇ ಊರಿನಿಂದ ಬೆಲೂನಿನಲ್ಲಿ ಮೇಲೇರಿ 24 ನಿಮಿಷ ಆಕಾಶದಲ್ಲಿದ್ದರು. ಕಾದಂಬರಿ ಪ್ರಕಟವಾದ 1886 ಅವರ ಪಾಲಿಗೆ ಕಠಿನವಾದ ವರ್ಷ. ಪ್ರೀತಿಯ ವಿಹಾರನೌಕೆಯನ್ನು ಮಾರಿದ್ದರು. ಮಾರ್ಚ್ 9ರಂದು ಬುದ್ಧಿಸ್ಥಿಮಿತ ತಪ್ಪಿದ್ದ ತಮ್ಮನ ಮಗನೇ ಈ ಮನೆಯ ಬಾಗಿಲಲ್ಲಿ ಅವರ ಮೇಲೆ ಗುಂಡು ಹಾರಿಸಿದನು. ಕಾಲಿಗೆ ಹೊಕ್ಕ ಗುಂಡನ್ನು ಹೊರತೆಗೆಯಲಾಗಲಿಲ್ಲ. ಎಂಟು ದಿನಗಳ ಬಳಿಕ ಅವರನ್ನು ಬೆಳಕಿಗೆ ತಂದ ಪ್ರಕಾಶಕ ಎಟ್ಸೆಲ್ ತೀರಿಕೊಂಡರು. ಮೂರು ತಿಂಗಳ ತರುವಾಯ ಆಲ್ಬಟ್ರಾಸ್ ಪತ್ರಿಕೆಯ ಪುಟಗಳಲ್ಲಿ ಹಾರತೊಡಗಿದಾಗ ಅದರ ಕರ್ತೃ ಕುಂಟುತ್ತಿದ್ದರು, ಕೊನೆಯವರೆಗೂ ಕುಂಟಿದರು.

ಕಥೆಯ ಕೊನೆಯಲ್ಲಿ ರೋಬರನು, ಮಾನವಕುಲಕ್ಕೆ ವಿವೇಕ ಬರುವವರೆಗೆ ಈ ವಿದ್ಯೆಯನ್ನು ಕೊಡಲಾರೆನೆಂದು ಹೊರಟುಹೋಗುತ್ತಾನೆ. 1904ರಲ್ಲಿ ವರ್ನ್ ಅವನನ್ನು ಮತ್ತೆ ಕರೆತಂದರು. ಆಗ ಅವನು ಲೋಕದ ಒಡೆತನ ಬಯಸುವ ಉನ್ಮತ್ತ. ಸಿಡಿಲೇ ಅವನ ಯಂತ್ರವನ್ನು ಹೊಡೆದುರುಳಿಸುತ್ತದೆ. ವಿದ್ಯೆಯನ್ನು ಬಚ್ಚಿಟ್ಟವನಿಗೂ ವಿವೇಕ ಉಳಿಯಲಿಲ್ಲವೆಂದಾಯಿತು. ಅಮಿಯಾಂ ನಗರವೇ ಇದಕ್ಕೆ ಉತ್ತರಭಾಗವನ್ನು ಕಂಡಿತು. 1940ರ ಮೇ ತಿಂಗಳಲ್ಲಿ ಜರ್ಮನ್ ವಿಮಾನಗಳ ಬಾಂಬುಗಳಿಂದ ನಗರದ ನಡುಭಾಗ ಸುಟ್ಟು ನೆಲಸಮವಾಯಿತು. ಇಗರ್ಜಿ ಉಳಿಯಿತು, ಸುತ್ತಲಿನ ಬೀದಿಗಳನ್ನು ಹೊಸದಾಗಿ ಕಟ್ಟಬೇಕಾಯಿತು.

ಆದರೂ ಹೊತ್ತಗೆಯ ಪಂಖಗಳು ನಿಲ್ಲಲಿಲ್ಲ. ಬಾಲ್ಯದಲ್ಲಿ ವರ್ನ್ ಕಥೆಗಳನ್ನೋದಿ ಬೆಳೆದ ಇಗೋರ್ ಸಿಕೋರ್ಸ್ಕಿ 1939ರಲ್ಲಿ ತಮ್ಮ ಹೆಲಿಕಾಪ್ಟರನ್ನು ಅಮೆರಿಕದಲ್ಲಿ ಮೇಲೆಬ್ಬಿಸಿದರು. 2021ರ ಏಪ್ರಿಲ್ 19ರಂದು ‘ಇಂಜೆನ್ಯುಯಿಟಿ’ ಎಂಬ ಪುಟ್ಟ ಯಂತ್ರವು, ಒಂದೇ ಕಂಬದ ಎರಡು ಪಂಖಗಳನ್ನು ಎದುರುಬದುರಾಗಿ ಸುತ್ತಿಸುತ್ತ, ಮಂಗಳಗ್ರಹದ ತೆಳುಗಾಳಿಯಲ್ಲಿ ಹಾರಿತು. ಇಂದು ಮದುವೆಯ ಚಪ್ಪರದ ಮೇಲೆ ಚಿತ್ರ ತೆಗೆಯಲು ಹಾರಿಸುವ ಡ್ರೋನನ್ನೇ ನೋಡಿ: ನಾಲ್ಕು ಪಂಖಗಳಲ್ಲಿ ಅಕ್ಕಪಕ್ಕದವು ಬೇರೆ ಬೇರೆ ದಿಕ್ಕಿಗೆ ಸುತ್ತುತ್ತವೆ. ಆಲ್ಬಟ್ರಾಸಿನ ಸೂತ್ರ ಅದೇ. ಆದರೆ ಅರ್ಧ ಗಂಟೆಯ ಆಸುಪಾಸಿನಲ್ಲಿ ಅದರ ಬ್ಯಾಟರಿ ಬರಿದಾಗುತ್ತದೆ. ರೋಬರನು ಕೊಂಡೊಯ್ದ ಗುಟ್ಟು ಇನ್ನೂ ಪೂರ್ತಿಯಾಗಿ ನಮ್ಮ ಕೈಸೇರಿಲ್ಲ. ಅವನು ಕಾಯುತ್ತೇನೆಂದ ವಿವೇಕವೂ ಅಷ್ಟೆ.

ಊರಿನ ಹೊರವಲಯದ ಮದ್ಲೇನ್ ಸ್ಮಶಾನದಲ್ಲಿ ವರ್ನ್‌ರ ಸಮಾಧಿಯಿದೆ. ಶಿಲ್ಪಿ ಆಲ್ಬೇರ್ ರೋಜ್ ಅಲ್ಲಿ ಅವರನ್ನು ಮಲಗಿಸಿಲ್ಲ. ಗೋರಿಯ ಚಪ್ಪಡಿಯನ್ನು ಹೆಗಲಿಂದ ನೂಕಿ, ಒಂದು ಕೈಯನ್ನು ಆಕಾಶಕ್ಕೆ ಚಾಚಿ ಅವರು ಮೇಲೇಳುತ್ತಿದ್ದಾರೆ. ಅಮಿಯಾಂಗೆ ಹೋದವರು ಅದನ್ನು ಕಾಣದೆ ಬರಬಾರದು.