ಗೋರಿಗೊಂಡ ಚಿಗರಿ

ಚಿಕ್ಕೋಡಿಯಿಂದ ಏಕಸಂಬಿಗೆ ಹೋಗುವ ದಾರಿಯಲ್ಲಿ ಮೊದಲು ಕಣ್ಣಿಗೆ ಬೀಳುವುದು ಕಬ್ಬು. ಊರು ಸಮೀಪಿಸಿದಾಗ ಕಾಣುವುದೂ ಕಬ್ಬೇ. ಕರಿಯ ಎರೆಮಣ್ಣು ಒಂದು ಕಡೆ, ಸಹ್ಯಾದ್ರಿಯಲ್ಲಿ ಹುಟ್ಟಿ ಕೃಷ್ಣೆಯನ್ನು ಸೇರಲು ಹೊರಟ ದೂಧಗಂಗೆಯ ನೀರು ಇನ್ನೊಂದು ಕಡೆ. ಇವೆರಡೂ ಕೈಗೂಡಿದ ಮೇಲೆ ರೈತನು ಬೇರೇನನ್ನು ತಾನೇ ಬೆಳೆದಾನು? ಮಹಾರಾಷ್ಟ್ರದ ಗಡಿ ಇಲ್ಲಿಂದ ದೂರವಿಲ್ಲ. ಅಂಗಡಿಯ ಕಟ್ಟೆಯ ಮೇಲೆ ಕುಳಿತವನು ಕನ್ನಡದಲ್ಲಿ ಆರಂಭಿಸಿದ ಮಾತನ್ನು ಮರಾಠಿಯಲ್ಲಿ ಮುಗಿಸುತ್ತಾನೆ. ಎದುರಿನವನು ಮರಾಠಿಯಲ್ಲಿ ಹೂಂಗುಟ್ಟಿ ಕನ್ನಡದಲ್ಲಿ ಉತ್ತರಿಸುತ್ತಾನೆ. ಯಾರಿಗೂ ಇದರಲ್ಲೊಂದು ವಿಶೇಷ ತೋರುವುದಿಲ್ಲ. ಹನ್ನೆರಡನೆಯ ಶತಮಾನದ ಶಾಸನದಲ್ಲಿ ಈ ಊರಿನ ಹೆಸರು ಎಕ್ಕಸಂಬುಗೆ.

ಆ ಶಾಸನದ ಊರನ್ನು ಕಾಣಬೇಕೆಂಬುದೇ ನಾನು ಹೊರಟುದಕ್ಕೆ ನೆಪ. ಆದರೆ ಹಲವು ದಿನಗಳಿಂದ ಒಂದು ಪದವು ತಲೆಯನ್ನು ಹೊಕ್ಕು ಕುಳಿತಿತ್ತು. ಅದು ‘ಗೋರಿ’.

ಗೋರಿಯೆಂದರೆ ಇಂದು ಎಲ್ಲರೂ ಬಲ್ಲದ್ದು ಸಮಾಧಿ. ಪಾರಸಿಯಿಂದ ಬಂದ ಮಾತು. ವಿಜಾಪುರದ ಗೋಳಗುಮ್ಮಟವೂ ಒಂದು ಗೋರಿಯೇ. ಆದರೆ ಕನ್ನಡದಲ್ಲಿ ಇನ್ನೊಂದು ಗೋರಿಯುಂಟು. ಬೇಟೆಗಾರನು ಹುಲ್ಲೆಯನ್ನು ಸೆಳೆಯಲು ಹಾಡುವ ಹಾಡು, ಹೊರಡಿಸುವ ಇಂಪಾದ ದನಿ, ಅದು ಗೋರಿ. ಆ ದನಿಗೆ ಮರುಳಾಗಿ ಬರುವುದು ಗೋರಿಗೊಳ್ಳುವುದು. ಮರುಳು ಮಾಡುವುದು ಗೋರಿಗೊಳಿಸುವುದು. ತರಗತಿಯಲ್ಲಿ ಇದನ್ನು ವಿವರಿಸಿದಾಗ ಹುಡುಗನೊಬ್ಬನು, “ಸರ್, ಒಂದು ಗೋರಿಯನ್ನು ಕೇಳಿ ಬಂದ ಚಿಗರಿ ಇನ್ನೊಂದು ಗೋರಿಗೆ ಹೋಯಿತಲ್ಲ!” ಎಂದು ಎಲ್ಲರನ್ನೂ ನಗಿಸಿದನು. ನಾನೂ ನಕ್ಕೆ. ಎರಡು ಗೋರಿಗಳಲ್ಲಿ ಸಾವಿನದು ಉಳಿದು ಹಾಡಿನದು ಅಳಿಯಿತೇಕೆ ಎಂಬ ಪ್ರಶ್ನೆ ಮಾತ್ರ ಅಂದಿನಿಂದ ಬೆನ್ನು ಬಿಡಲಿಲ್ಲ.

ನಮ್ಮ ಕವಿಗಳಿಗೂ ಸಂತರಿಗೂ ಹುಲ್ಲೆಯ ಕಿವಿಯೆಂದರೆ ಬಲು ಪ್ರೀತಿ. ಆನೆ ಸ್ಪರ್ಶದಿಂದ, ಮೀನು ರುಚಿಯಿಂದ, ತುಂಬಿ ಪರಿಮಳದಿಂದ, ಪತಂಗ ರೂಪದಿಂದ, ಹುಲ್ಲೆ ನಾದದಿಂದ ಕೆಡುತ್ತದೆ ಎಂಬ ಪಟ್ಟಿ ಭಾರತದ ಭಾಷೆಗಳಲ್ಲೆಲ್ಲ ಸುಳಿದಾಡಿದೆ. ಭಾಗವತದ ಅವಧೂತನು ಎಣಿಸುವ ಇಪ್ಪತ್ತನಾಲ್ಕು ಗುರುಗಳಲ್ಲಿ ಬೇಡನ ಗೀತಕ್ಕೆ ಸೋತ ಹುಲ್ಲೆಯೂ ಒಬ್ಬ ಗುರು. ಜನ್ನನು 1209ರಲ್ಲಿ ಮುಗಿಸಿದ ‘ಯಶೋಧರಚರಿತೆ’ಯ ಅಮೃತಮತಿಯಾದರೂ ಮಾವುತನ ಮುಖವನ್ನು ಕಾಣುವ ಮೊದಲೇ ಅವನ ಕೊರಳಿಗೆ ಸೋತವಳಲ್ಲವೇ? ಹೀಗೆ ಹುಲ್ಲೆಯು ಸಂಗೀತಪ್ರಿಯವೆಂಬುದು ಕಾವ್ಯಲೋಕದಲ್ಲಿ ನಿರ್ವಿವಾದವಾದ ಸಂಗತಿ. ಆದರೆ ಹುಲ್ಲೆಗೆ ನಿಜವಾಗಿಯೂ ರಾಗ ತಾಳಗಳ ಗೊಡವೆ ಇದೆಯೇ?

ಇದಕ್ಕೆ ಉತ್ತರವನ್ನು ಕವಿಗಳಿಗಿಂತ ಬೇಟೆಗಾರರು ಚೆನ್ನಾಗಿ ಬಲ್ಲರು. ಜರ್ಮನಿಯಲ್ಲಿ ಜುಲೈ ಆಗಸ್ಟ್ ತಿಂಗಳು ರೋ ಎಂಬ ಸಣ್ಣ ಜಿಂಕೆಗಳಿಗೆ ಬೆದೆಯ ಕಾಲ. ಅಲ್ಲಿಯ ಬೇಟೆಗಾರನು ಬೀಚ್ ಮರದ ಒಂದು ಎಲೆಯನ್ನು ತುಟಿಗಿಟ್ಟು ಊದಿ ಹೆಣ್ಣಿನ ದನಿಯನ್ನು ಹೊರಡಿಸುತ್ತಾನೆ; ಗಂಡು ಪೊದೆಯನ್ನು ಸೀಳಿಕೊಂಡು ಬರುತ್ತದೆ. ಕೆನಡಾದ ಮೂಲನಿವಾಸಿಗಳು ಭೂರ್ಜದ ತೊಗಟೆಯನ್ನು ಕಹಳೆಯಂತೆ ಸುತ್ತಿ ಮೂಸ್ ಎಂಬ ದೈತ್ಯ ಕಡವೆಯನ್ನು ಕರೆಯುತ್ತಿದ್ದರು. ಅಮೆರಿಕದಲ್ಲಿ ಎರಡು ಕೊಂಬುಗಳನ್ನು ಒಂದಕ್ಕೊಂದು ತಿಕ್ಕಿ ತಾಕಿಸಿ ಗಂಡುಗಳ ಕಾಳಗವನ್ನೇ ನಟಿಸುವುದುಂಟು; ಜಗಳದ ಸದ್ದಿಗೆ ಮೂರನೆಯವನು ಓಡಿ ಬರುತ್ತಾನೆ. (ಈ ಗುಣ ಜಿಂಕೆಗೆ ಮಾತ್ರ ಮೀಸಲಾದುದೆಂದು ಸಂತೆಯನ್ನು ಕಂಡವರು ಹೇಳಲಾರರು.) ಈಗ ಇವೆಲ್ಲಕ್ಕೂ ಮರದ, ರಬ್ಬರಿನ, ಪ್ಲಾಸ್ಟಿಕ್ಕಿನ ಪೀಪಿಗಳು ಅಂಗಡಿಯಲ್ಲಿಯೇ ದೊರೆಯುತ್ತವೆ. ಬೋರಲು ಹಾಕಿ ಎತ್ತಿದೊಡನೆ ಜಿಂಕೆಯಂತೆ ಅರಚುವ ಪುಟ್ಟ ಡಬ್ಬಿಯೂ ಇದೆ.

ಇವುಗಳಲ್ಲಿ ಒಂದಾದರೂ ಸಂಗೀತವಲ್ಲವೆಂಬುದನ್ನು ವಾಚಕರು ಗಮನಿಸಬೇಕು. ಮರಿಯ ಅಳು, ಹೆಣ್ಣಿನ ಕರೆ, ವೈರಿಯ ಸವಾಲು, ಇವು ಮೂರೇ. ಹುಲ್ಲೆಯು ಬರುವುದು ಸುಖಪಡುವುದಕ್ಕಲ್ಲ, ತನ್ನವರು ಕರೆದರೆಂದು.

ಅಮೆರಿಕದಲ್ಲಿ ನೌಕರಿಯಲ್ಲಿರುವ ನನ್ನ ಭಾವಮೈದುನನು ಕಳೆದ ಸಲ ಊರಿಗೆ ಬಂದಾಗ ಇಂಥದೊಂದು ಪೀಪಿಯನ್ನು ವಿನೋದಕ್ಕೆಂದು ತಂದಿದ್ದನು. ಬೆರಳುದ್ದದ ಮರದ ಕೊಳವೆ, ಒಳಗೆ ತೆಳುವಾದ ನಾಲಗೆ. ಅದನ್ನು ಜೇಬಿನಲ್ಲಿಟ್ಟುಕೊಂಡೇ ಏಕಸಂಬಿಗೆ ಹೋಗಿದ್ದೆ. ಪರಿಚಯದವರ ಮನೆಯ ಜಗಲಿಯ ಮೇಲೆ, ಎಂಬತ್ತು ದಾಟಿದ ಅಜ್ಜನೊಬ್ಬನ ಎದುರಿಗೆ, ಮಾತು ಬೇಟೆಯ ಕಡೆಗೆ ಹೊರಳಿತು.

“ನಾ ಸಣ್ಣಾಂವ ಇದ್ದಾಗ ಹರಣಶಿಕಾರ್ಯಾರು ಬರತಿದ್ರು, ಸರ. ಆಕಳ ಮರಿ ಮಾಡಿಕೊಂಡು ನಡೀತಿದ್ರು. ಚಿಗರಿಗೆ ಆಕಳ ಕಾಣತಿತ್ತು, ಮನಶ್ಯಾ ಕಾಣತಿರಲಿಲ್ಲ. ಕೌಜುಗದ ದನಿ ಬಾಯಿಲೇ ತಗೀತಿದ್ರು ನೋಡ್ರಿ, ಖರೇ ಕೌಜುಗ ಬಂದು ಜವಾಬ ಕೊಡತಿತ್ತು!”

ನಾನು ಪೀಪಿಯನ್ನು ಕೈಗಿತ್ತೆ. ಅಜ್ಜನು ಅದನ್ನು ತಿರುಗಿಸಿ ನೋಡಿ, ಧೋತರದ ಚುಂಗಿನಿಂದ ಒರೆಸಿ, ಮೆಲ್ಲಗೆ ಊದಿದನು. ಸಣ್ಣ, ನಡುಗುವ, ಮೂಗಿನಿಂದ ಹೊರಟಂಥ ದನಿ. ಎರಡನೆಯ ಸಲ ಊದುವಷ್ಟರಲ್ಲಿ ಹಿತ್ತಲಿನಲ್ಲಿ ಗೂಟ ಕಿತ್ತ ಸಪ್ಪಳವಾಯಿತು. ಒಂದು ಕಪ್ಪು ಆಡು ಹಗ್ಗವನ್ನು ಎಳೆದುಕೊಂಡೇ ಜಗಲಿಗೆ ನೆಗೆದು, ಅಜ್ಜನ ಕೈಯನ್ನು ಮೂಸಿತು. ನನ್ನ ಚೀಲವನ್ನು ಮೂಸಿತು. ಆಮೇಲೆ ತಲೆಯೆತ್ತಿ ಒಂದೇ ಸಮನೆ ಕೂಗತೊಡಗಿತು. ಮಕ್ಕಳು ಚಪ್ಪಾಳೆ ತಟ್ಟಿ ನಕ್ಕವು. ಒಳಗಿನಿಂದ ಅಜ್ಜನ ಸೊಸೆ ಬಂದು ಆಡಿನ ಕೊರಳಿಗೆ ಕೈಹಾಕಿ, “ಮಾಮಾ, ಮತ್ತ ಊದಬ್ಯಾಡ್ರಿ. ಮೊನ್ನಿ ಸಂತ್ಯಾಗ ಅದರ ಮರಿ ಮಾರೇವಿ” ಎಂದಳು. ಆಡಿನ ಕೆಚ್ಚಲಿನಿಂದ ಹಾಲು ಹನಿಯುತ್ತಿತ್ತು. ಅಜ್ಜನು ಮಾತಾಡದೆ ಪೀಪಿಯನ್ನು ನನಗೆ ಮರಳಿ ಕೊಟ್ಟನು.

ಅಜ್ಜನು ಹೇಳಿದ ಹರಣಶಿಕಾರಿಗಳು ಬೆಳಗಾವಿ, ಧಾರವಾಡ, ವಿಜಾಪುರದ ಬಯಲುಗಳಿಗೆ ಹೊಸಬರಲ್ಲ. ಇವರ ನಂಟರು ಫಾಸೆ ಪಾರಧಿಗಳು, ಅಡವಿಚಿಂಚೇರರು. ‘ಹರಣ’ವೆಂದರೆ ಮರಾಠಿಯಲ್ಲಿ ಹುಲ್ಲೆ, ಕನ್ನಡದಲ್ಲಿ ಅದೇ ‘ಹರಣ’ವು ಪ್ರಾಣ. ಗಡಿಯ ಕಿವಿಗೆ ಎರಡೂ ಅರ್ಥ ಒಮ್ಮೆಗೇ ಕೇಳಿಸಿದರೆ ಆಶ್ಚರ್ಯವಿಲ್ಲ. ಫಾಸೆಯೆಂದರೆ ಉರುಳು. ಕುದುರೆಕೂದಲು, ನರ, ಹುರಿಗಳ ಉರುಳನ್ನು ನೆಲದಲ್ಲಿ ಒಡ್ಡಿ ಚಿಗರಿಯನ್ನು ಹಿಡಿಯುವುದು ಇವರ ಕುಲವಿದ್ಯೆ. ಬಂದೂಕು ಇವರದಲ್ಲ. ಹಕ್ಕಿಯ, ಮೃಗದ ದನಿಯನ್ನು ಗಂಟಲಿನಿಂದಲೇ ತೆಗೆಯಬಲ್ಲವರಿಗೆ ಪೀಪಿಯಾದರೂ ಏಕೆ?

ದನಿಯಿಲ್ಲದೆ ಕರೆಯುವ ಉಪಾಯವೂ ಉಂಟು. ಹಳಗನ್ನಡದಲ್ಲಿ ಅದಕ್ಕೆ ‘ದೀವ’ವೆಂದು ಹೆಸರು. ಪಳಗಿಸಿದ ಹುಲ್ಲೆಯನ್ನು ಮುಂದೆ ಬಿಟ್ಟು ಕಾಡಿನದನ್ನು ಹಿಡಿಯುವ ಬೇಟೆ. ಚಾಲುಕ್ಯ ಚಕ್ರವರ್ತಿ ಮೂರನೆಯ ಸೋಮೇಶ್ವರನು 1130ರ ಸುಮಾರಿಗೆ ರಚಿಸಿದ ‘ಮಾನಸೋಲ್ಲಾಸ’ದಲ್ಲಿ ಬೇಟೆಯು ಒಂದು ರಾಜವಿನೋದವಾಗಿ ಸವಿಸ್ತರವಾಗಿ ಬಂದಿದೆ. ಗಂಡು ಚಿಗರಿಯ ಸ್ವಭಾವವನ್ನು ಬಲ್ಲವರಿಗೆ ದೀವದ ಮರ್ಮ ತಿಳಿಯುತ್ತದೆ. ಬೆದೆಯ ಕಾಲದಲ್ಲಿ ಅದು ಬಯಲಿನ ಒಂದು ತುಂಡನ್ನು ತನ್ನದೆಂದು ಹಿಡಿದು, ತಲೆಯನ್ನು ಹಿಂದಕ್ಕೆ ಚಾಚಿ, ಗುಟುರು ಹಾಕುತ್ತ ಬೀಗುತ್ತದೆ. ಸಾಕಿದ ಗಂಡಿನ ಕೊಂಬಿಗೆ ಉರುಳುಗಳನ್ನು ಸುತ್ತಿ ಆ ಎಲ್ಲೆಯೊಳಗೆ ಬಿಟ್ಟರೆ ಸಾಕು. ಒಡೆಯನು ಕಾಳಗಕ್ಕೆ ಬರುತ್ತಾನೆ. ಕೊಂಬಿಗೆ ಕೊಂಬು ಸಿಕ್ಕಿಬೀಳುತ್ತದೆ. ಎಲ್ಲೆಯ ಅಭಿಮಾನವೇ ಅವನಿಗೆ ಉರುಳಾಗುತ್ತದೆ.

ವಿದ್ಯೆ ಒಂದೇ ಆದರೂ ಫಲ ಬೇರೆ ಬೇರೆಯಾಯಿತು. ನೆರೆಯ ಕೊಲ್ಲಾಪುರದ ಅರಸರು ಸಿವಂಗಿಗಳನ್ನು ಸಾಕಿ, ಗಾಡಿಯಲ್ಲಿ ಕೂರಿಸಿಕೊಂಡು ಹೋಗಿ ಚಿಗರಿಗಳ ಮೇಲೆ ಬಿಡುತ್ತಿದ್ದರು. ನೋಡಲು ದೊರೆಗಳು ಬರುತ್ತಿದ್ದರು. ಅದು ಮೃಗಯೆ. ಅದೇ ಚಿಗರಿಯನ್ನು ಹೊಟ್ಟೆಗಾಗಿ ಹಿಡಿದವರ ಹೆಸರು ಪೊಲೀಸರ ದಫ್ತರಕ್ಕೆ ಹೋಯಿತು. 1871ರಲ್ಲಿ ಹುಟ್ಟಿದ ಅಪರಾಧಿ ಬುಡಕಟ್ಟುಗಳ ಕಾಯಿದೆಯು 1911ರಲ್ಲಿ ಮುಂಬಯಿ ಪ್ರಾಂತಕ್ಕೂ ಬಂದಿತು. ವಿಜಾಪುರ, ಹುಬ್ಬಳ್ಳಿ, ಗದಗುಗಳಲ್ಲಿ ಸೆಟ್ಲಮೆಂಟುಗಳೆದ್ದವು. ತಂತಿಯ ಬೇಲಿ, ಹಾಜರಿ, ಹೊರಗೆ ಹೋಗಲು ಪರವಾನಗಿ. ಊರೂರು ಅಲೆದು ದನಿಯಿಂದ ಮೃಗವನ್ನು ಕರೆಯುತ್ತಿದ್ದವರನ್ನು ಗಂಟೆಯ ದನಿಯಿಂದ ಕರೆಯಲಾಯಿತು. ಕೊಲ್ಲಾಪುರದ ಶಾಹು ಮಹಾರಾಜರು ಪಾರಧಿಗಳಿಗೆ ಕೆಲಸ ಕೊಟ್ಟು ನೆಲೆಗೊಳಿಸಿದ್ದು ಆ ಕಾಲದಲ್ಲಿ ಎದ್ದು ಕಾಣುವ ಅಪವಾದ. ಕಾಯಿದೆಯು ರದ್ದಾದುದು 1952ರಲ್ಲಿ. ಭಾರತದಲ್ಲಿ ಸಿವಂಗಿಯು ಅಳಿದುಹೋಯಿತೆಂದು ಸಾರಿದ್ದೂ ಅದೇ ವರ್ಷ. ಸಿವಂಗಿಯನ್ನು 2022ರಲ್ಲಿ ವಿಮಾನದಲ್ಲಿ ನಮೀಬಿಯದಿಂದ ತಂದರು. ಬೇಟೆಗಾರನ ಮೇಲಿನ ಕಳಂಕ ಇಂದಿಗೂ ಪೂರ್ತಿ ತೊಳೆದಿಲ್ಲ.

ಇಂದು ಚಿಗರಿಯ ಬೇಟೆಗೆ ಅವಕಾಶವಿಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯು ಕೃಷ್ಣಮೃಗವನ್ನು ಮೊದಲನೆಯ ಅನುಸೂಚಿಯಲ್ಲಿರಿಸಿದೆ. ಅದು ಸರಿಯೇ. ಪೀಪಿಯಿಂದ ತಾಯಿಯನ್ನು ಕರೆದು ಕೊಲ್ಲುವುದನ್ನು ಆಟವೆನ್ನಲು ಆ ಆಡನ್ನು ಕಂಡ ಮೇಲೆ ನನಗಂತೂ ಬಾಯಿ ಬಾರದು. ಆದರೂ ಚಿಗರಿಯನ್ನು ಏಕಸಂಬಿಯ ಸುತ್ತಿನಿಂದ ಓಡಿಸಿದುದು ಉರುಳಿಗಿಂತ ಹೆಚ್ಚಾಗಿ ನೇಗಿಲೆಂದು ನನ್ನ ಎಣಿಕೆ. ಚಿಗರಿ ಬಯಲಿನ ಪ್ರಾಣಿ. ದೂರದವರೆಗೆ ಕಣ್ಣು ಹಾಯಬೇಕು, ಕಾಲು ಚಾಚಬೇಕು. ಆಳೆತ್ತರದ ಕಬ್ಬಿನಲ್ಲಿ ಅದು ನೋಡುವುದೇನನ್ನು, ಓಡುವುದೆಲ್ಲಿಗೆ?

ಮಧ್ಯಾಹ್ನದ ಮೇಲೆ ಬಸದಿಯ ಮಾತಿಗೆ ಬಂದೆವು. 1165ರ ಶಾಸನವು ಹೇಳುವುದು ಇಲ್ಲಿಯ ನೇಮಿನಾಥ ಬಸದಿಯ ಸಂಗತಿಯನ್ನು. ಕಟ್ಟಿಸಿದವನು ಶಿಲಾಹಾರ ವಿಜಯಾದಿತ್ಯನ ದಂಡನಾಯಕ; ನಡೆಸಿಕೊಂಡು ಬಂದವರು ಯಾಪನೀಯ ಸಂಘದ ಮುನಿಗಳು; ಅದರ ಕೀರ್ತಿಯನ್ನು ಕೇಳಿ ದತ್ತಿಯಿತ್ತವನು ರಟ್ಟರ ಕಾರ್ತವೀರ್ಯ. ಅದೇ ಕಾಲದ ಆಸುಪಾಸಿನಲ್ಲಿ, ಅದೇ ಶಿಲಾಹಾರರ ಆಶ್ರಯದಲ್ಲಿ ಕರ್ಣಪಾರ್ಯನು ‘ನೇಮಿನಾಥಪುರಾಣ’ವನ್ನು ಬರೆದನು.

ನೇಮಿಯ ಕಥೆಯನ್ನು ಅಜ್ಜನೂ ಬಲ್ಲನು. ಕೃಷ್ಣನ ದಾಯಾದಿಯಾದ ಈ ರಾಜಕುಮಾರನು ಮದುವಣಿಗನಾಗಿ ರಥವೇರಿ ರಾಜೀಮತಿಯ ಮನೆಗೆ ಹೊರಟಾಗ ದಾರಿಯಲ್ಲಿ ಬೇಲಿಯೊಳಗೆ ಕೂಡಿಹಾಕಿದ ಮೃಗಗಳ ಕೂಗು ಕೇಳಿಸಿತು. ಮದುವೆಯ ಔತಣಕ್ಕೆಂದು ತಿಳಿದೊಡನೆ ಅವನು ರಥವನ್ನು ತಿರುಗಿಸಿ ಗಿರ್ನಾರದ ಬೆಟ್ಟಕ್ಕೆ ಹೋದನು. ಮಾರೀಚನ ಕಥೆಯಲ್ಲಿ ಮೃಗವೇ ಮನುಷ್ಯನ ದನಿಯನ್ನು ಕದ್ದು ಕೂಗಿ ಮನೆಯನ್ನು ಮುರಿಯುತ್ತದೆ; ಇಲ್ಲಿ ಮೃಗವು ತನ್ನ ಸ್ವಂತ ದನಿಯಿಂದಲೇ ಮನುಷ್ಯನನ್ನು ಗೋರಿಗೊಳಿಸುತ್ತದೆ. ರಾಜೀಮತಿಯ ಪಾಡನ್ನು ನೆನೆದರೆ ಮರುಕ ಹುಟ್ಟುತ್ತದೆ. ಆದರೆ ಆ ಕೂಗನ್ನು ಕೇಳಿಯೂ ರಥವನ್ನು ಮುಂದಕ್ಕೆ ಹೊಡೆದಿದ್ದರೆ ಈ ಊರಿನಲ್ಲಿ ಅವನಿಗೆ ಬಸದಿ ಏಳುತ್ತಿರಲಿಲ್ಲ.

“ಈಗ ಎಲ್ಲೆರೆ ಅದಾವೇನ್ರಿ ಸರ, ಚಿಗರಿ?” ಎಂದು ಅಜ್ಜನು ಕೇಳಿದನು.

ಹಾವೇರಿ ಜಿಲ್ಲೆಯ ರಾಣೆಬೆನ್ನೂರಿನಲ್ಲಿ 1974ರಲ್ಲಿ ಕೃಷ್ಣಮೃಗಗಳಿಗಾಗಿಯೇ ಅಭಯಾರಣ್ಯವಾಯಿತೆಂದೂ, ಅದರ ವಿಸ್ತಾರ 119 ಚದರ ಕಿಲೋಮೀಟರೆಂದೂ ಹೇಳಿದೆ. ಬೆಳಗಾವಿಗೊಂದು ಬಸ್ಸು, ಅಲ್ಲಿಂದ ಹುಬ್ಬಳ್ಳಿ, ಅಲ್ಲಿಂದ ಹಾವೇರಿಯ ಮೇಲೆ ರಾಣೆಬೆನ್ನೂರು. ಅಜ್ಜನು ಬೆರಳು ಮಡಿಸುತ್ತ ಊರುಗಳನ್ನು ಎಣಿಸಿದನು.

“ಕಬ್ಬ ಕಡಿಯೂದು ಮುಗೀಲಿ, ಹೋಗೂಣಂತ” ಎಂದು ಸೊಸೆಗೆ ಹೇಳಿದನು. ಆಡನ್ನು ಗೂಟಕ್ಕೆ ಕಟ್ಟಿ ಬಂದ ಅವಳು, ಬಸ್ಸಿಗೆ ಹೊತ್ತಾಯಿತೆಂದು ನನಗೆ ಚಹ ತಂದಿಟ್ಟಳು.