ಎಲ್ಲಮ್ಮನ ಗುಡ್ಡಕ್ಕೆ ವಿದ್ಯುತ್ ಬೈಕು

ಧಾರವಾಡದಿಂದ ಸವದತ್ತಿಗೆ ಸುಮಾರು 40 ಕಿಲೋಮೀಟರ್. ಅಲ್ಲಿಂದ ಮುಂದೆ ಜೋಗುಳಬಾವಿಯನ್ನು ದಾಟಿದರೆ ಎಲ್ಲಮ್ಮನ ಗುಡ್ಡದ ಏರು. ಗುಡ್ಡದ ಮಗ್ಗುಲಲ್ಲಿಯೇ ಉಗರಗೋಳ. ಭರತ ಹುಣ್ಣಿಮೆಯ ದಿನಗಳಲ್ಲಿ ಶೃಂಗರಿಸಿದ ಚಕ್ಕಡಿಗಳು ಸಾಲುಗಟ್ಟಿ ಬರುತ್ತವೆ. ‘ಉಧೋ ಉಧೋ’ ಎಂಬ ಘೋಷವೂ ಭಂಡಾರದ ಹಳದಿಯೂ ಗುಡ್ಡವನ್ನೆಲ್ಲ ತುಂಬುತ್ತವೆ. ವಿದ್ಯುತ್ ವಾಹನಗಳಿಗೆಂದೇ 2017ರಲ್ಲಿ ನೀತಿಯೊಂದನ್ನು ಪ್ರಕಟಿಸಿದ ಮೊದಲ ರಾಜ್ಯ ಕರ್ನಾಟಕ. ಇಂಥ ಬೈಕಿನ ಮೇಲೆ ಯಾತ್ರೆ ಹೊರಡುವ ದಂಪತಿಗಳು ಹಾದಿಯ ಲೆಕ್ಕವನ್ನು ಮನೆಯಲ್ಲಿಯೇ ಹಾಕಿಕೊಳ್ಳುವುದು ಲೇಸು.

ಇಬ್ಬರನ್ನು ಹೊತ್ತ ಬೈಕು ಕಿಲೋಮೀಟರಿಗೆ 35 ವ್ಯಾಟ್-ಗಂಟೆ ಬಳಸುವುದೆಂದು ಹಿಡಿದರೆ, ಹೋಗಿಬರುವ 90 ಕಿಲೋಮೀಟರಿಗೆ 3 ಯೂನಿಟ್ಟಿಗೂ ಮಿಕ್ಕಿ ಬೇಕಾಗುತ್ತದೆ. 3 ಯೂನಿಟ್ಟಿನ ಬ್ಯಾಟರಿಯೊಂದನ್ನೇ ನಂಬಿದವರು ಮರಳುವಾಗ ಕತ್ತಲಲ್ಲಿ ಎರೆಹೊಲಗಳ ನಡುವೆ ನಿಲ್ಲಬೇಕಾದೀತು. ಪರಿಚಿತರ ಮನೆಯನ್ನೋ ವಸತಿಗೃಹವನ್ನೋ ಮೊದಲೇ ಗೊತ್ತುಮಾಡಿಕೊಂಡರೆ ಈ ಚಿಂತೆಯಿಲ್ಲ. 700 ವ್ಯಾಟಿನ ಚಾರ್ಜರು 2 ಗಂಟೆಯಲ್ಲಿ 1.4 ಯೂನಿಟ್ ಎಳೆಯುತ್ತದೆ. ಕೊಂಚ ಭಾಗ ಶಾಖವಾಗಿ ಹೋದರೂ, ಉಳಿದ ಶಕ್ತಿಯೊಡನೆ ಕೂಡಿ ಅದು ಊರು ಮುಟ್ಟಿಸುತ್ತದೆ.

ಬ್ಯಾಟರಿಯೆಲ್ಲ ಏರಿನಲ್ಲಿಯೇ ಖಾಲಿಯಾದೀತೆಂದು ಅಂಜುವವರುಂಟು. ಆದರೆ ವಾಹನ, ಸವಾರರು, ಗಂಟುಮೂಟೆ ಸೇರಿ 240 ಕಿಲೋ ತೂಕವನ್ನು 100 ಮೀಟರ್ ಮೇಲಕ್ಕೆತ್ತಲು ಸುಮಾರು 65 ವ್ಯಾಟ್-ಗಂಟೆ ಸಾಕು. ನಷ್ಟವನ್ನು ಸೇರಿಸಿದರೂ ಅದು ಯೂನಿಟ್ಟಿನ ಹತ್ತನೆಯ ಒಂದು ಪಾಲಿನಷ್ಟು. ನಿಜವಾಗಿ ದಣಿಯುವುದು ಮೋಟಾರು. ಜನಸಂದಣಿಯಲ್ಲಿ ಪದೇ ಪದೇ ನಿಂತು ಹೊರಡುವಾಗ ಅದರಲ್ಲಿ ಹೆಚ್ಚು ವಿದ್ಯುತ್ತು ಹರಿದು ಶಾಖವೇರುತ್ತದೆ. ಆಗ ನಿಯಂತ್ರಕವು ಮೋಟಾರಿನ ರಕ್ಷಣೆಗಾಗಿ ತಾನೇ ಬಲವನ್ನು ತಗ್ಗಿಸುತ್ತದೆ. ಯಂತ್ರ ಕೆಟ್ಟಿತೆಂದು ಗಾಬರಿಗೊಳ್ಳಬೇಕಾಗಿಲ್ಲ. ಚಕ್ಕಡಿಯವನು ಎತ್ತುಗಳಿಗೆ ಏರಿನಲ್ಲಿ ವಿಶ್ರಾಂತಿ ಕೊಡುವಂತೆ ನೆರಳಿನಲ್ಲಿ ಕೆಲಹೊತ್ತು ನಿಲ್ಲಿಸಬೇಕು. ಹಿಂದೆ ಕುಳಿತವರು ಒಂದಿಷ್ಟು ದೂರ ನಡೆದರೆ ಇನ್ನೂ ಒಳಿತು.

ಬೈಕು ಕದಲದೇ ಇದ್ದಾಗ ಮೊದಲು ನೋಡಬೇಕಾದುದು ಪಕ್ಕದ ಸ್ಟ್ಯಾಂಡು. ಅದು ಕೆಳಗಿದ್ದರೆ ಅನೇಕ ವಾಹನಗಳಲ್ಲಿ ಮೋಟಾರು ತಿರುಗುವುದಿಲ್ಲ. ಬ್ರೇಕಿನ ಹಿಡಿ ಪೂರ್ತಿ ಹಿಂದಕ್ಕೆ ಬಾರದಿದ್ದರೂ ವಿದ್ಯುತ್ತು ಕಡಿದಿರುತ್ತದೆ. ಇವೆರಡೂ ಸರಿಯಿದ್ದು ದೀಪಗಳೂ ಹತ್ತದಿದ್ದರೆ ಫ್ಯೂಸನ್ನು ಪರೀಕ್ಷಿಸತಕ್ಕದ್ದು. ಬ್ಯಾಟರಿಯ ಪೆಟ್ಟಿಗೆಯನ್ನು ಮಾತ್ರ ದಾರಿಯಲ್ಲಿ ಬಿಚ್ಚಲಾಗದು. ಅದು ಉಬ್ಬಿದ್ದರೆ, ಕಟುವಾಸನೆ ಸೂಸಿದರೆ ಚಾರ್ಜ್ ಮಾಡದೆ ಜನರಿಂದ ದೂರವಿರಿಸಿ ಕಸುಬುದಾರರನ್ನು ಕರೆಯಿಸುವುದೇ ಕ್ಷೇಮ.

ಇಳಿಜಾರಿನಲ್ಲಿ ಕೆಲವು ಬೈಕುಗಳ ಮೋಟಾರು ಜನರೇಟರಿನಂತೆ ವರ್ತಿಸಿ ತುಸು ವಿದ್ಯುತ್ತನ್ನು ಬ್ಯಾಟರಿಗೆ ಮರಳಿಸುತ್ತದೆ. ಚಕ್ರವನ್ನೂ ತಡೆದು ಹಿಡಿಯುತ್ತದೆ. ಬ್ಯಾಟರಿ ತುಂಬಿ ತುಳುಕುತ್ತಿದ್ದರೆ ಅದಕ್ಕೆ ಎಡೆಯಿಲ್ಲ. ಭಾರವೆಲ್ಲ ಬ್ರೇಕುಗಳ ಮೇಲೆಯೇ ಬೀಳುತ್ತದೆ. ಆದಕಾರಣ ಗುಡ್ಡದ ಮೇಲೆ ಪೂರ್ತಿ ತುಂಬಿಸದಿರುವುದು ಜಾಣತನ.

ಮನೆ ಸೇರಿದೊಡನೆ ಚಾರ್ಜಿಗೆ ಹಚ್ಚಬಾರದು, ಬ್ಯಾಟರಿ ತಣಿಯಬೇಕು. ಅಷ್ಟರಲ್ಲಿ ಚಾರ್ಜಿಂಗ್ ಬಾಯಿಯ ಸುತ್ತ ಕುಳಿತ ಧೂಳನ್ನೂ ಭಂಡಾರವನ್ನೂ ಒಣಬಟ್ಟೆಯಿಂದ ಒರೆಸಿ, ಟೈರುಗಳ ಗಾಳಿಯನ್ನು ನೋಡಿಟ್ಟರೆ ಮರುದಿನದ ಕಚೇರಿಗೆ ಬೈಕು ಸಿದ್ಧ.