ದಿನಕ್ಕೊಂದು ಹಿಡಿ ಅಕ್ಕಿ

12ನೆಯ ಶತಮಾನದ ಕಲ್ಯಾಣದಲ್ಲಿ ಆಯ್ದಕ್ಕಿ ಮಾರಯ್ಯನವರು ನೆಲಕ್ಕೆ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವ ಕಾಯಕದಲ್ಲಿದ್ದರು. ಮಾರಯ್ಯ ಮತ್ತು ಲಕ್ಕಮ್ಮ ದಂಪತಿಗಳು ಇಂದಿನ ರಾಯಚೂರು ಜಿಲ್ಲೆಯ ಅಮರೇಶ್ವರದಿಂದ ಬಂದವರೆಂಬುದು ಪ್ರತೀತಿ. ಆಯ್ದು ತಂದ ಅಕ್ಕಿಯಿಂದಲೇ ಅವರ ಮನೆಯ ಜಂಗಮ ದಾಸೋಹ ನಡೆಯುತ್ತಿತ್ತು. ಒಂದು ದಿನ ಮಾರಯ್ಯನವರು ಎಂದಿಗಿಂತ ಹೆಚ್ಚು ಅಕ್ಕಿ ತಂದಾಗ ಲಕ್ಕಮ್ಮನವರು ಒಪ್ಪಲಿಲ್ಲ. ಹೆಚ್ಚಿನದನ್ನು ಅಲ್ಲಿಯೇ ಸುರಿದು ಬರುವಂತೆ ಹೇಳಿ ಕಳುಹಿಸಿದರು. ಈ ಪ್ರಸಂಗವನ್ನು ಆಸೆಯ ನಿಷೇಧವೆಂದು ವಿವರಿಸುವುದು ವಾಡಿಕೆ. ಧಾನ್ಯವು ಸಲ್ಲಬೇಕಾದಲ್ಲಿಗೆ ಸಲ್ಲಬೇಕು ಎಂಬ ಅರ್ಥವೂ ಅದರಲ್ಲಿದೆ.

ಧಾರವಾಡ ಜಿಲ್ಲೆಯ ಹಳ್ಳಿಯೊಂದರ ತಾಯಿಯೊಬ್ಬರು ಈ ಅರ್ಥವನ್ನು ತಮ್ಮ ಅಡುಗೆಮನೆಯಲ್ಲಿಯೇ ಕಂಡುಕೊಂಡರು. ನಸುಕಿನಲ್ಲಿ ಎದ್ದು ಅಂಗಳ ಗುಡಿಸಿ, ಸ್ನಾನ ಮಾಡಿ, ವಿಭೂತಿ ಧರಿಸಿ, ಇಷ್ಟಲಿಂಗ ಪೂಜೆ ಮುಗಿದ ಮೇಲೆಯೇ ಒಲೆ ಹೊತ್ತಿಸುವುದು ಅವರ ನಿತ್ಯನೇಮ. ಅಡುಗೆಗೆ ಧಾನ್ಯ ಅಳೆದ ಮೇಲೆ ಅದರಿಂದ ಒಂದು ಹಿಡಿಯನ್ನು ತೆಗೆದು ಬೇರೆ ಗಡಿಗೆಗೆ ಹಾಕುವರು. ಮಠದ ಜೋಳಿಗೆ ಬಂದ ದಿನ ಗಡಿಗೆ ಬರಿದಾಗುವುದು. ಅತ್ತೆಯಿಂದ ಕಲಿತ ಈ ಪದ್ಧತಿಯನ್ನು ಅವರು ಬರಗಾಲದ ವರ್ಷಗಳಲ್ಲಿಯೂ ಬಿಡಲಿಲ್ಲ.

ಪತಿ ಲಿಂಗೈಕ್ಯರಾದ ನಂತರ ಅವರು ಬೆಂಗಳೂರಿನ ಮಗನ ಮನೆಗೆ ಬಂದರು. ಜೋಳದ ಬದಲು ಅಕ್ಕಿ, ಗಡಿಗೆಯ ಬದಲು ಡಬ್ಬಿ. ನೇಮ ಮಾತ್ರ ತಪ್ಪಲಿಲ್ಲ. ಆದರೆ ಅಲ್ಲಿ ಜೋಳಿಗೆ ಹಿಡಿದು ಬರುವವರಿರಲಿಲ್ಲ. ತಿಂಗಳುಗಳು ಕಳೆದವು. ಒಂದು ದಿನ ಸೊಸೆ ಮೆಲ್ಲನೆ, ‘ಅತ್ತ್ಯಾರ, ಡಬ್ಬಿಯೊಳಗ ನುಸಿ ಆಗ್ಯಾವ’ ಎಂದಳು.

ಆ ದಿನ ಆ ತಾಯಿ ಪ್ರಸಾದ ಸ್ವೀಕರಿಸಲಿಲ್ಲ. ದಾಸೋಹವೆಂದು ತೆಗೆದಿಟ್ಟದ್ದು ಯಾರ ಹಸಿವಿಗೂ ಒದಗದೆ ಕೆಟ್ಟಿತ್ತು. ಕೈ ನೇಮವನ್ನು ನಡೆಸಿತ್ತು. ಮನಸ್ಸು ಅದರ ಗುರಿಯನ್ನು ಮರೆತಿತ್ತು.

ಎದುರಿನ ನಿವೇಶನದಲ್ಲಿ ಕಟ್ಟಡದ ಕೆಲಸ ನಡೆದಿತ್ತು. ತಗಡಿನ ಶೆಡ್ಡಿನಲ್ಲಿ ರಾಯಚೂರಿನ ಕಡೆಯ ದಂಪತಿಗಳು ಎರಡು ಮಕ್ಕಳೊಂದಿಗೆ ವಾಸವಾಗಿದ್ದರು. ಅಕ್ಕಿಯನ್ನು ಹಸನು ಮಾಡಿ ಅವರಿಗೆ ಕೊಡೋಣವೆಂದು ಸೊಸೆ ಸೂಚಿಸಿದಳು. ತಾಯಿ ಬಹಳ ಹೊತ್ತು ಯೋಚಿಸಿದರು. ಜಂಗಮಕ್ಕೆಂದು ಎತ್ತಿಟ್ಟದ್ದನ್ನು ಬೇರೆಯವರಿಗೆ ಕೊಡಬಹುದೇ ಎಂಬ ಅಳುಕು ಒಂದು ಕಡೆ. ಹಸಿದವರು ಎದುರಿಗಿರುವಾಗ ಡಬ್ಬಿ ತುಂಬಿಸುತ್ತ ಕುಳಿತುದೇ ತಪ್ಪಲ್ಲವೇ ಎಂಬ ನೋವು ಇನ್ನೊಂದು ಕಡೆ.

ಕೊನೆಗೆ ಅವರು ಮೊರ ತೆಗೆದುಕೊಂಡು ಕುಳಿತರು. ಅಕ್ಕಿಯನ್ನು ಕೇರಿ, ಮಾಳಿಗೆಯ ಮೇಲೆ ಬಿಸಿಲಿಗೆ ಹರವಿದರು. ಸಂಜೆ ಅದನ್ನು ಅಳೆದು, ಅಷ್ಟೇ ಅಳತೆಯ ಅಕ್ಕಿಯನ್ನು ಹೊಸ ಚೀಲದಿಂದ ತೆಗೆದು ಸೊಸೆಯ ಕೈಗಿತ್ತು, ‘ನುಸಿ ತಿಂದದ್ದು ನಮಗಿರಲಿ, ಹೊಸದು ಅವರಿಗೆ ಹೋಗಲಿ’ ಎಂದರು. ಆ ವಾರವೆಲ್ಲ ಮನೆಯವರು ಕೇರಿದ ಅಕ್ಕಿಯನ್ನೇ ಉಂಡರು. ಅಂದಿನಿಂದ ಪ್ರತಿ ಸೋಮವಾರ ಡಬ್ಬಿ ಬರಿದಾಗತೊಡಗಿತು. ಕೆಲಸ ಮುಗಿದು ಆ ಸಂಸಾರ ಬೇರೆಡೆಗೆ ಹೋದಾಗ, ಇನ್ನೊಂದು ಶೆಡ್ಡನ್ನು ಸೊಸೆಯೇ ಹುಡುಕಿದಳು.

ಮಿಕ್ಕಿದ್ದನ್ನು ಕೊಡುವುದು ದಾನವಾದೀತು, ದಾಸೋಹವಾಗದು. ಕೊಡುವವನು ದಾಸನೆಂಬ ಭಾವವಿದ್ದಲ್ಲಿ ಒಳ್ಳೆಯದು ತಾನಾಗಿಯೇ ಇನ್ನೊಬ್ಬರ ಪಾಲಿಗೆ ಹೋಗುತ್ತದೆ. ಹಿರಿಯರು ಬಿಟ್ಟುಹೋದ ನೇಮಗಳು ಮನೆಮನೆಯಲ್ಲಿವೆ. ಅವುಗಳನ್ನು ಪಾಲಿಸುವವರು ಆಗಾಗ ಡಬ್ಬಿಯ ಮುಚ್ಚಳ ತೆರೆದು ನೋಡಬೇಕು. ಒಳಗಿರುವುದು ಯಾರಿಗೆ ಸಲ್ಲಬೇಕಾದದ್ದು, ಅವರಿಗೆ ಸಂದಿದೆಯೇ ಎಂದು ಕೇಳಿಕೊಳ್ಳಬೇಕು. ಲಕ್ಕಮ್ಮತಾಯಿ ಪತಿಯನ್ನು ಕೇಳಿದ್ದೂ ಇದನ್ನೇ.